ಕಥೆ ಹುಟ್ಟಿದ ನೆಲದಲ್ಲೇ ಕಲಾಕೃತಿ ಮಾಡುವುದು ಹೇಗೆ? ಬಾದಾಮಿ ಸೀಮೆಯಿಂದ ಒಂದು ಸಮಗ್ರ ಮಾರ್ಗದರ್ಶಿ

ಬಾಗಲಕೋಟೆ ಸೀಮೆಯಲ್ಲಿ ಬೆಳೆದವರಿಗೆ ಇನ್‌ಸ್ಟಲೇಶನ್, ಅಂದರೆ ಒಂದು ಜಾಗವನ್ನೇ ಕಲಾಕೃತಿಯಾಗಿ ಜೋಡಿಸುವ ಕಲೆ, ಅನ್ನುವ ಹೆಸರು ಹೊಸದಿರಬಹುದು, ಕೆಲಸ ಹೊಸದಲ್ಲ. ಮಣ್ಣೆತ್ತಿನ ಅಮಾವಾಸ್ಯೆಗೆ ಮಣ್ಣು ತಂದು ಜೋಡೆತ್ತು ಮಾಡುತ್ತೇವೆ. ಆಷಾಢದ ಮಂಗಳವಾರಗಳಲ್ಲಿ ಹುಡುಗಿಯರು ಮಣ್ಣಿನ ಗುಳ್ಳವ್ವನನ್ನು ಮಾಡಿ ಕೂರಿಸುತ್ತಾರೆ. ಭಾದ್ರಪದದಲ್ಲಿ ಮಣ್ಣಿನ ಜೋಕುಮಾರ ಬುಟ್ಟಿಯಲ್ಲಿ ಕೂತು ಮನೆಮನೆಗೆ ಬರುತ್ತಾನೆ. ಮೂರಕ್ಕೂ ಒಂದೇ ಕ್ರಮ. ಮಣ್ಣು ಅಲ್ಲಿಯದೇ, ಹಾಡು ಅಲ್ಲಿಯದೇ, ಅದಕ್ಕೊಂದು ಗೊತ್ತಾದ ಕಾಲ, ಕೆಲಸ ಮುಗಿದ ಮೇಲೆ ಮತ್ತೆ ನೀರಿಗೋ ನೆಲಕ್ಕೋ ವಾಪಸ್.

ಕಲಾಶಾಲೆಯಲ್ಲಿ ಸೈಟ್ ಸ್ಪೆಸಿಫಿಕ್ ಕಲೆ ಅಂತ ಕಲಿಸುವುದು ಹೆಚ್ಚುಕಡಿಮೆ ಇದನ್ನೇ. ಒಂದು ಜಾಗಕ್ಕಾಗಿ, ಆ ಜಾಗದಲ್ಲೇ ಮಾಡಿದ ಕೆಲಸ. ಕಿತ್ತು ಬೇರೆ ಕಡೆ ಇಟ್ಟರೆ ಅದಕ್ಕೆ ಅರ್ಥ ಉಳಿಯಬಾರದು. ಊರಿನ ಕಥೆಯನ್ನೂ ಊರಿನ ನೆಲವನ್ನೂ ಸೇರಿಸಿ ಇಂಥ ಕೆಲಸ ಮಾಡಲು ಹೊರಟವರಿಗೆ, ಅದರಲ್ಲೂ ಮೊದಲ ಸಲ ಸ್ಟುಡಿಯೋ ಬಿಟ್ಟು ಬಯಲಿಗೆ ಇಳಿಯುವವರಿಗೆ ಈ ಬರಹ. ಬಾದಾಮಿ ತಾಲೂಕಿನ ಒಂದು ಊರಿನ ಕೆರೆಯಲ್ಲಿ ನಾನು ಮಾಡಿದ ಕೆಲಸವನ್ನೇ ಉದ್ದಕ್ಕೂ ಉದಾಹರಣೆಯಾಗಿ ಇಟ್ಟುಕೊಂಡಿದ್ದೇನೆ.

ಹಂತ 1: ಮೊದಲು ಸುಮ್ನೆ ನಡೆಯಿರಿ

ಕಥೆ ಆರಿಸಿಕೊಂಡು ಆಮೇಲೆ ಅದಕ್ಕೆ ಜಾಗ ಹುಡುಕುವವರೇ ಜಾಸ್ತಿ. ಅದನ್ನು ತಿರುಗಿಸಿ. ಮೊದಲು ಜಾಗ.

ನಮ್ಮ ಸೀಮೆಯ ನೆಲ ಒಂದೇ ತರ ಇಲ್ಲ. ಬಾದಾಮಿ, ಐಹೊಳೆ, ಗುಳೇದಗುಡ್ಡದ ಸುತ್ತ ಕೆಂಪು ಮರಳುಗಲ್ಲಿನ ಗುಡ್ಡಗಳು. ಗುಡ್ಡ ಇಳಿದರೆ ಕೆಂಪು ಮಸಾರಿ ಹೊಲ. ಇನ್ನೂ ಮುಂದೆ ಹೋದರೆ ಕರಿ ಎರಿ ಹೊಲ. ನಡುವೆ ಮಲಪ್ರಭೆ. ಖಾನಾಪುರ ತಾಲೂಕಿನ ಕಣಕುಂಬಿಯಲ್ಲಿ ಹುಟ್ಟಿ, ಸವದತ್ತಿ ಹತ್ತಿರ ನವಿಲುತೀರ್ಥದ ಅಣೆಕಟ್ಟು ದಾಟಿ, ಪಟ್ಟದಕಲ್ಲಿನಲ್ಲಿ ಉತ್ತರಕ್ಕೆ ಹೊರಳಿ, ಕೂಡಲಸಂಗಮದಲ್ಲಿ ಕೃಷ್ಣೆಗೆ ಸೇರುತ್ತದೆ. ಗುಡ್ಡ, ಮಸಾರಿ, ಎರಿ, ಈ ಮೂರು ನೆಲ ಮೂರು ರೀತಿ ನಡೆದುಕೊಳ್ಳುತ್ತವೆ. ಮೂರರ ಕಥೆಗಳೂ ಬೇರೆಬೇರೆ.

ಒಂದೇ ಜಾಗಕ್ಕೆ ಬೇರೆಬೇರೆ ಹೊತ್ತಿನಲ್ಲಿ ಹೋಗಿ. ಬೆಳಗ್ಗೆ ದನ ಬಿಡುವ ಹೊತ್ತು, ನಡುಮಧ್ಯಾಹ್ನ, ಸಂಜೆ ಕುರಿ ವಾಪಸಾಗುವ ಹೊತ್ತು. ಸಾಧ್ಯವಾದರೆ ಬೇಸಿಗೆಯಲ್ಲೊಮ್ಮೆ, ಮಳೆಗಾಲದಲ್ಲೊಮ್ಮೆ. ಏಪ್ರಿಲ್‌ನಲ್ಲಿ ಬಿಸಿಲು 40 ಡಿಗ್ರಿ ಮುಟ್ಟುವಾಗ ಎರಿ ಹೊಲ ಬಾಯಿ ಬಿಟ್ಟಿರುತ್ತದೆ, ಸೀಳಿನಲ್ಲಿ ಕೈ ಇಳಿಸಬಹುದು. ಅದೇ ಹೊಲ ಸೆಪ್ಟೆಂಬರ್‌ನಲ್ಲಿ ಕಾಲಿಟ್ಟರೆ ಚಪ್ಪಲಿ ಕಿತ್ತುಕೊಳ್ಳುತ್ತದೆ. ಎರಡನ್ನೂ ನೋಡದೆ ಆ ಹೊಲದಲ್ಲಿ ಏನು ಮಾಡಬೇಕು ಅಂತ ತೀರ್ಮಾನ ಮಾಡಬೇಡಿ.

ನೋಟ್‌ಬುಕ್‌ನಲ್ಲಿ ಇಷ್ಟು ಬರೆದುಕೊಳ್ಳಿ: ನೀರು ಎಲ್ಲಿಂದ ಬಂದು ಎಲ್ಲಿ ನಿಲ್ಲುತ್ತದೆ, ಗಾಳಿ ಯಾವ ಕಡೆಯಿಂದ ಬೀಸುತ್ತದೆ, ಯಾರು ಯಾವ ಹೊತ್ತಿಗೆ ಆ ದಾರಿಯಲ್ಲಿ ಹಾಯುತ್ತಾರೆ, ನೆರಳು ಎಲ್ಲಿದೆ. ಜೊತೆಗೆ ಹೆಸರುಗಳು. ಪ್ರತಿ ಬಂಡೆಗೂ, ಹಳ್ಳದ ತಿರುವಿಗೂ, ಹೊಲಕ್ಕೂ ಊರಿನಲ್ಲಿ ಒಂದು ಹೆಸರಿರುತ್ತದೆ. ಗೂಗಲ್ ನಕ್ಷೆಯಲ್ಲಿ ಅದು ಸಿಗುವುದಿಲ್ಲ. ಕುರಿ ಕಾಯುವವರನ್ನು ಕೇಳಿ. ಗುಡ್ಡದ ಇಂಚಿಂಚೂ ಗೊತ್ತಿರುವುದು ಅವರಿಗೇ.

ಹಂತ 2: ಕಥೆ ಕೇಳುವ ಕ್ರಮ

ಈ ಭಾಗದಲ್ಲಿ ನೆಲವನ್ನೇ ಹೇಳುವ ಕಥೆಗಳು ಹೆಜ್ಜೆಗೊಂದು ಸಿಗುತ್ತವೆ. ಪರಶುರಾಮ ರಕ್ತದ ಕೊಡಲಿಯನ್ನು ಮಲಪ್ರಭೆಯಲ್ಲಿ ತೊಳೆದ, ಹೊಳೆ ಕೆಂಪಾಯಿತು ಅಂತ ಐಹೊಳೆಯಲ್ಲಿ ಹೇಳುತ್ತಾರೆ. ಮಳೆಗಾಲದಲ್ಲಿ ಮಸಾರಿ ಮಣ್ಣು ಕೊಚ್ಚಿಕೊಂಡು ಬಂದಾಗ ಆ ಹೊಳೆ ನೋಡಿದವರಿಗೆ ಕಥೆ ಎಲ್ಲಿಂದ ಬಂತು ಅಂತ ಯಾರೂ ವಿವರಿಸಬೇಕಿಲ್ಲ. ಬಾದಾಮಿಯಲ್ಲಿ ಅಗಸ್ತ್ಯತೀರ್ಥ ಕೆರೆಯ ಆಚೆ ಈಚೆ ನಿಂತ ಗುಡ್ಡಗಳೇ ವಾತಾಪಿ ಮತ್ತು ಇಲ್ವಲ ಅನ್ನುವ ನಂಬಿಕೆ ಇದೆ. ಮೇಕೆಯಾಗಿದ್ದ ವಾತಾಪಿಯನ್ನು ಅಡಿಗೆ ಮಾಡಿ ಬಡಿಸುವುದು, ಉಂಡವರ ಹೊಟ್ಟೆಯಿಂದ ಅವನನ್ನು ಅಣ್ಣ ಇಲ್ವಲ ಕೂಗಿ ಕರೆಯುವುದು, ಅಗಸ್ತ್ಯ ಮಾತ್ರ ಅವನನ್ನು ಅರಗಿಸಿಕೊಂಡುಬಿಡುವುದು, ಎಲ್ಲರಿಗೂ ಗೊತ್ತು.

ಇವು ಪುಸ್ತಕದಲ್ಲೂ ಸಿಗುತ್ತವೆ. ಪುಸ್ತಕದಲ್ಲಿ ಸಿಗದ್ದು ನಿಮ್ಮ ಊರಿನವರು ಅದೇ ಕಥೆ ಹೇಳುವ ರೀತಿ. ಅದಕ್ಕೆ ಜನರ ಹತ್ತಿರ ಹೋಗಬೇಕು. ವಿಜಯಪುರ ಜಿಲ್ಲೆಯ ಹಲಸಂಗಿಯ ಗೆಳೆಯರು, ಅಂದರೆ ಮಧುರಚೆನ್ನ, ಸಿಂಪಿ ಲಿಂಗಣ್ಣ ಮತ್ತು ಅವರ ಸಂಗಡಿಗರು, ಕಳೆದ ಶತಮಾನದಲ್ಲಿ ಮಾಡಿದ್ದು ಇದನ್ನೇ. ಬೀಸುವ ಹೆಂಗಸರ ಬಾಯಿಂದಲೇ ತ್ರಿಪದಿ ಬರೆದುಕೊಂಡರು.

"ಜಾನಪದ ಕಥೆ ಗೊತ್ತಾ?" ಅಂತ ಕೇಳಿದರೆ ಯಾರೂ ಬಾಯಿ ಬಿಡುವುದಿಲ್ಲ. ಟಿವಿಯವರು ಬಂದಿದ್ದಾರೆ ಅಂದುಕೊಂಡು ಊರಿನ ಹಿರಿಯರೊಬ್ಬರ ಕಡೆ ಕೈ ತೋರಿಸುತ್ತಾರೆ. ಕೆಲಸದ ಬಗ್ಗೆ ಕೇಳಿ, ನೀರಿನ ಬಗ್ಗೆ ಕೇಳಿ. "ಕಾಕಾ, ಈ ಕೆರಿ ಕೋಡಿ ಬಿದ್ದಿದ್ದು ಯಾವಾಗ್ರೀ?" ಅಂದರೆ ಸಾಕು. ಯಾವ ವರ್ಷದ ಹುಬ್ಬಿ ಮಳೆ, ಯಾರ ಮದುವೆಯ ವರ್ಷ, ನೀರು ಯಾವ ಕಲ್ಲಿನವರೆಗೆ ಬಂದಿತ್ತು, ಎಲ್ಲ ಬರುತ್ತದೆ. ಅದರ ಬೆನ್ನಿಗೇ ಹಾಡು. ಹಾಡುಗಳು ಕೈಕೆಲಸಕ್ಕೆ ಅಂಟಿಕೊಂಡಿರುತ್ತವೆ. ರೊಟ್ಟಿ ಬಡಿಯುತ್ತ, ಕಾಳು ಹಸನು ಮಾಡುತ್ತ ಇರುವಾಗ ನೆನಪಾಗುವಷ್ಟು ಕುರ್ಚಿ ಹಾಕಿ ಕೂರಿಸಿದಾಗ ನೆನಪಾಗುವುದಿಲ್ಲ.

ಮೊಬೈಲ್‌ನಲ್ಲಿ ರೆಕಾರ್ಡ್ ಮಾಡಿಕೊಳ್ಳಿ, ಕೇಳಿಯೇ ಮಾಡಿಕೊಳ್ಳಿ. ಯಾತಕ್ಕೆ ಬೇಕು, ಎಲ್ಲಿ ಕೇಳಿಸುತ್ತೇನೆ ಅಂತ ಮೊದಲೇ ಹೇಳಿ, ಅವರು ಹೂಂ ಅಂದಿದ್ದನ್ನೂ ರೆಕಾರ್ಡ್‌ನಲ್ಲೇ ಇಟ್ಟುಕೊಳ್ಳಿ. ಹಾಡಿದವರಿಗೆ ಗೌರವಧನ ಕೊಡಬೇಕು. ಒಬ್ಬರು ಅರ್ಧ ದಿನ ಹೊಲದ ಕೆಲಸ ಬಿಟ್ಟು ನಿಮಗೆ ಹಾಡಿದರೆ ಒಂದು ಪೂರ್ತಿ ದಿನದ ಕೂಲಿಗಿಂತ ಕಡಿಮೆ ಕೊಡುವುದು ಸರಿಯಲ್ಲ. ಚಹಾ ಕುಡಿಸಿ ಫೋಟೋ ತೆಗೆಸಿಕೊಂಡು ಬರುವುದು ಸಂಗ್ರಹ ಅನ್ನಿಸಿಕೊಳ್ಳುವುದಿಲ್ಲ.

ಇನ್ನೊಂದು ಮಾತು. ಕೆಲವು ಕಥೆಗಳ ಒಳಗೆ ಬದುಕಿರುವ ಜನ ಇದ್ದಾರೆ. ಸವದತ್ತಿ ಎಲ್ಲಮ್ಮನ ಹಾಡುಗಳು ಬಹಳ ಚೆಂದ. ಆದರೆ ದೇವದಾಸಿ ಪದ್ಧತಿಯ ನೋವು ಉಂಡ ಹೆಂಗಸರು ಇವತ್ತೂ ನಮ್ಮ ಜಿಲ್ಲೆಗಳಲ್ಲಿ ಇದ್ದಾರೆ. ಕರ್ನಾಟಕದ ನಿಷೇಧ ಕಾಯ್ದೆ ಬಂದಿದ್ದು 1982ರಲ್ಲಿ, ಅಷ್ಟೇನೂ ಹಳೆಯದಲ್ಲ. ಅಂಥ ಕಥೆ ಮುಟ್ಟುವುದಾದರೆ ಆ ಹೆಂಗಸರು ಮೊದಲ ದಿನದಿಂದ ನಿಮ್ಮ ಜೊತೆ ಕೂತು ತೀರ್ಮಾನ ಮಾಡುವವರಾಗಿರಬೇಕು. ಇಲ್ಲದಿದ್ದರೆ ಬೇರೆ ಕಥೆ ನೋಡಿಕೊಳ್ಳಿ.

ಹಂತ 3: ಕಥೆಯೊಳಗಿನ ಕೆಲಸವನ್ನು ಹಿಡಿಯಿರಿ, ಮೂರ್ತಿಯನ್ನಲ್ಲ

ಎಲ್ಲಕ್ಕಿಂತ ಮುಖ್ಯವಾದ ಹಂತ ಇದು, ಇಲ್ಲಿ ಆತುರ ಬೇಡ. ಪರಶುರಾಮನ ಕಥೆ ಅಂದ ತಕ್ಷಣ ಕೊಡಲಿ ಹಿಡಿದ ಮೂರ್ತಿ ಮಾಡುವುದು, ವಾತಾಪಿ ಅಂದ ತಕ್ಷಣ ರಾಕ್ಷಸನ ಮುಖ ಬಿಡಿಸುವುದು ಸುಲಭ. ಅದು ಕಥೆಗೆ ಚಿತ್ರ ಬರೆದಂತೆ ಆಯಿತು, ಅಷ್ಟೇ. ಎಲ್ಲಿ ಬೇಕಾದರೂ ಇಡಬಹುದು.

ಬದಲಿಗೆ ಕಥೆಯಲ್ಲಿ ಏನು ನಡೆಯುತ್ತದೆ ಅಂತ ಒಂದೇ ಶಬ್ದದಲ್ಲಿ ಬರೆದುಕೊಳ್ಳಿ. ಪರಶುರಾಮ: ತೊಳೆಯುವುದು. ಇಲ್ವಲ: ಕರೆಯುವುದು. ಜೋಕುಮಾರ: ಬೇಡುವುದು, ಕೊಡುವುದು, ಕರಗುವುದು. ಆಮೇಲೆ ನಿಮ್ಮ ಜಾಗದಲ್ಲಿ ಆ ಕೆಲಸ ತಾನಾಗಿಯೇ ಎಲ್ಲಿ ನಡೆಯುತ್ತಿದೆ ಅಂತ ನೋಡಿ. ಇಂಗ್ಲೆಂಡಿನ ಕಲಾವಿದ ರಿಚರ್ಡ್ ಲಾಂಗ್ 1967ರಲ್ಲಿ ಹುಲ್ಲಿನ ಮೇಲೆ ಅತ್ತಿಂದಿತ್ತ ನಡೆದು ನಡೆದು ಒಂದು ಗೆರೆ ಮೂಡಿಸಿ, ಅದರ ಫೋಟೋ ಇಟ್ಟುಕೊಂಡರು. ನಡೆಯುವುದೇ ಕೆಲಸ, ಗೆರೆಯೇ ಕೃತಿ. ನಮ್ಮ ಗುಡ್ಡಗಳಲ್ಲಿ ಕುರಿಗಳು ತಲೆತಲಾಂತರದಿಂದ ಮೂಡಿಸಿದ ಗೆರೆಗಳಿವೆ. ಕುರಿ ಕಾಯುವ ಹಾಲುಮತದವರ ಕಥೆಯನ್ನು ಎತ್ತಿಕೊಂಡು ಯಾರಾದರೂ ಆ ಗೆರೆಗಳ ಮೇಲೆ ಕೆಲಸ ಮಾಡಬೇಕು ಅನ್ನುವುದು ನನ್ನ ಬಹಳ ದಿನಗಳ ಆಸೆ.

ವಾತಾಪಿಯ ಕಥೆಗೆ ಮಣ್ಣೂ ಬೇಡ, ಕಲ್ಲೂ ಬೇಡ. ಕೂಗು ಸಾಕು. ಕಡಿದಾದ ಬಂಡೆಯ ಎದುರು ನಿಂತು ಕೂಗಿದರೆ ಪ್ರತಿಧ್ವನಿ ಬರುತ್ತದೆ. ಗಾಳಿಯಲ್ಲಿ ಶಬ್ದ ಸೆಕೆಂಡಿಗೆ ಸುಮಾರು 340 ಮೀಟರ್ ಓಡುತ್ತದೆ. ಅಂದರೆ ಬಂಡೆ 170 ಮೀಟರ್ ದೂರ ಇದ್ದರೆ ನಿಮ್ಮ ಕೂಗು ಒಂದು ಸೆಕೆಂಡಿಗೆ ವಾಪಸ್ ಬರುತ್ತದೆ. 17 ಮೀಟರ್‌ಗಿಂತ ಹತ್ತಿರ ನಿಂತರೆ ಕೂಗಿಗೂ ಪ್ರತಿಧ್ವನಿಗೂ ಬಿಡುವು ಗೊತ್ತಾಗುವುದಿಲ್ಲ. ಹೀಗೆ ಅಳೆದು, ಬೇರೆಬೇರೆ ದೂರದಲ್ಲಿ ಹಾಡುಗಾರರನ್ನು ನಿಲ್ಲಿಸಿ, "ವಾತಾಪಿ" ಅಂತ ಕರೆಯುವ ಒಂದು ಸಂಜೆಯ ಕೆಲಸ ಮಾಡಬಹುದು. ಕರೆದವನು ಬರುವುದಿಲ್ಲ, ಕರೆದ ಹೆಸರು ಮಾತ್ರ ವಾಪಸ್ ಬರುತ್ತದೆ. ಕಥೆಯ ಕೊನೆಯೂ ಅದೇ ಅಲ್ವಾ? ಮೈಕು, ಸ್ಪೀಕರ್ ಬೇಡವೇ ಬೇಡ.

ನನ್ನ ಕೆಲಸ ಜೋಕುಮಾರನದು. ಗಣಪ ಭೂಮಿಗೆ ಬಂದು ಕಡುಬು ತಿಂದು ಹೋಗಿ ಎಲ್ಲ ಚೆನ್ನಾಗಿದೆ ಅಂತ ಶಿವನಿಗೆ ಹೇಳುತ್ತಾನೆ. ಆಮೇಲೆ ಬರುವ ಜೋಕುಮಾರ ಮಳೆ ಇಲ್ಲದ ಹೊಲ, ಹಸಿದ ಜನ, ಬತ್ತಿದ ಕೆರೆ ನೋಡಿ ಹೋಗಿ ಇದ್ದದ್ದು ಇದ್ದಹಾಗೆ ಹೇಳುತ್ತಾನೆ. ಅವನ ಆಯುಷ್ಯ ಅಷ್ಟಮಿಯಿಂದ ಹುಣ್ಣಿಮೆವರೆಗೆ ಏಳೇ ದಿನ. ಬಹಳ ಊರುಗಳಲ್ಲಿ ಅಂಬಿಗರ ಹೆಂಗಸರು ಅವನನ್ನು ಬೇವಿನೆಲೆಯ ನಡುವೆ ಬುಟ್ಟಿಯಲ್ಲಿಟ್ಟು ಹೊತ್ತು ತರುತ್ತಾರೆ. ಮನೆಯವರು ಅವನ ಬಾಯಿಗೆ ಬೆಣ್ಣೆ ಹಚ್ಚಿ ಮೊರದಲ್ಲಿ ಜೋಳ ಕೊಡುತ್ತಾರೆ. ಹೊತ್ತು ತಂದವರು ಬೇವಿನೆಲೆ, ಅಂಬಲಿ ಕೊಡುತ್ತಾರೆ. ಅದು ಹೊಲಕ್ಕೆ ಹೋಗುತ್ತದೆ.

ಈ ಕಥೆ ಇಟ್ಟುಕೊಂಡು ಏನಾದರೂ ಮಾಡಬಹುದಾ ಅಂತ ಅವನನ್ನು ಹೊರುವ ಹೆಂಗಸರನ್ನೇ ಕೇಳಿದೆ. ಅವರಲ್ಲಿ ಹಿರಿಯರೊಬ್ಬರು ಹೇಳಿದರು: "ತಮ್ಮಾ, ಜೋಕುಮಾರನ್ನ ಮಾಡಬ್ಯಾಡ. ಅವ ತನ್ನ ಹೊತ್ತಿಗೆ ಬರತಾನ. ನೀ ಬೇಕಾರ ಬಟ್ಟಲಾ ಇಡು, ಮಳಿ ಬೇಡಾಕ ಯಾರರ ಬ್ಯಾಡ ಅಂತಾರೇನ?" ಕೆಲಸದ ರೂಪ ಅಲ್ಲೇ ಸಿಕ್ಕಿತು. ಬತ್ತಿದ ಕೆರೆಯ ಅಂಗಳದಲ್ಲಿ, ನೀರು ತುಂಬಿದಾಗ ಮುಟ್ಟುತ್ತಿದ್ದ ಗೆರೆಯ ಉದ್ದಕ್ಕೂ ಸುಡದ ಮಣ್ಣಿನ ಬಟ್ಟಲುಗಳು. ಪ್ರತಿ ಮನೆಯಿಂದ ಒಂದು ಹಿಡಿ ಜೋಳ. ಮಳೆ ಬಂದರೆ ಬಟ್ಟಲು ಕರಗಬೇಕು.

ಕಾಲವನ್ನೂ ಅವರ ಮಾತಿನಂತೆಯೇ ಇಟ್ಟುಕೊಂಡೆ. ಭಾದ್ರಪದದ ಆ ಏಳು ದಿನ ಅವರ ಆಚರಣೆಯದು, ಅಲ್ಲಿ ನಮಗೆ ಕೆಲಸವಿಲ್ಲ. ನನ್ನ ಕೆಲಸ ಬೇಸಿಗೆಯ ಕೊನೆಗೆ, ಬಸವ ಜಯಂತಿ ಮುಗಿದ ಮೇಲೆ, ಮಿರಗದ (ಮೃಗಶಿರಾ) ಮಳೆಗೆ ಮೊದಲು.

ಹಂತ 4: ಪರವಾನಿಗೆ

ಇದು ಬೇಸರದ ಕೆಲಸ ಅಂತ ಅನ್ನಿಸಿದರೂ ಬಾದಾಮಿ ಸೀಮೆಯಲ್ಲಿ ತಪ್ಪಿಸುವಂತಿಲ್ಲ.

ಕೇಂದ್ರ ಸರ್ಕಾರ ರಕ್ಷಿಸಿದ ಸ್ಮಾರಕದಿಂದ 100 ಮೀಟರ್ ಒಳಗೆ ನಿಷೇಧಿತ ಪ್ರದೇಶ, ಅದರ ಆಚೆ ಇನ್ನೂ 200 ಮೀಟರ್ ನಿಯಂತ್ರಿತ ಪ್ರದೇಶ. ಪ್ರಾಚೀನ ಸ್ಮಾರಕಗಳ 1958ರ ಕಾಯ್ದೆಗೆ 2010ರಲ್ಲಿ ಆದ ತಿದ್ದುಪಡಿ ಇದನ್ನು ಗಟ್ಟಿ ಮಾಡಿತು. ಬಾದಾಮಿ ಗುಹೆಗಳು, ಐಹೊಳೆ, ವಿಶ್ವ ಪರಂಪರೆ ಪಟ್ಟಿಗೆ 1987ರಲ್ಲಿ ಸೇರಿದ ಪಟ್ಟದಕಲ್ಲು, ಎಲ್ಲಕ್ಕೂ ಇದು ಅನ್ವಯ. ಈ ಅಳತೆಯ ಒಳಗೆ ಏನೇ ಮಾಡುವುದಿದ್ದರೂ, ಒಂದು ಸಂಜೆಯ ಹಾಡೇ ಆದರೂ, ಭಾರತೀಯ ಪುರಾತತ್ವ ಸರ್ವೇಕ್ಷಣ ಇಲಾಖೆಯ ಧಾರವಾಡ ವೃತ್ತಕ್ಕೆ ಮೊದಲೇ ಬರೆದು ಕೇಳಿ. ನನ್ನ ಸಲಹೆ ಕೇಳಿದರೆ, ಮೊದಲ ಕೆಲಸ 300 ಮೀಟರ್ ಆಚೆ ಮಾಡಿ. ನೋಡುವವರ ಕಣ್ಣು ಗುಡಿಯ ಕಡೆ ಹೋಗಿಬಿಟ್ಟರೆ ನಿಮ್ಮ ಕೆಲಸ ಅಲ್ಲಿ ನಿಲ್ಲುವುದು ಕಷ್ಟ.

ಆಚೆ ಇದ್ದರೂ ಗುಡ್ಡದ ಕಲ್ಲು ಎತ್ತಬೇಡಿ. ಕಲ್ಲಿನ ಮೇಲೆ ಕಲ್ಲು ಪೇರಿಸಿ ಗೋಪುರ ಮಾಡುವ ಚಾಳಿ ಈಗ ಎಲ್ಲ ಕಡೆ ಬಂದಿದೆ. ನಮ್ಮಲ್ಲಿ ಅದು ಅಪಾಯದ ಆಟ. ಐಹೊಳೆಯ ಮೇಗುತಿ ಗುಡ್ಡದ ಹತ್ತಿರ ಬೃಹತ್ ಶಿಲಾಯುಗದ ಕಲ್ಮನೆಗಳಿವೆ, ಅಂದರೆ ಚಪ್ಪಡಿ ಕಲ್ಲಿನ ಗೋರಿಗಳು. ಬಾದಾಮಿ ಹತ್ತಿರದ ಸಿಡಿಲಫಡಿಯಲ್ಲಿ ಇತಿಹಾಸಪೂರ್ವ ಕಾಲದ ಬಂಡೆ ಚಿತ್ರಗಳಿವೆ. ಬೋರ್ಡು, ಬೇಲಿ ಇಲ್ಲದ ಇಂಥ ಜಾಗ ಇನ್ನೆಷ್ಟಿವೆಯೋ. ನಿಮಗೆ ಬರೀ ಬಂಡೆ ಅನ್ನಿಸಿದ್ದು ಯಾರದೋ ಗೋರಿಯ ಮೇಲ್ಚಪ್ಪಡಿ ಆಗಿರಬಹುದು. ಬಂಡೆಯ ಮೇಲೆ ಸುಣ್ಣ, ಬಣ್ಣ, ನೀರು, ಯಾವುದೂ ಬೇಡ.

ಖಾಸಗಿ ಹೊಲವಾದರೆ ಉತಾರದಲ್ಲಿ (ಪಹಣಿಯಲ್ಲಿ) ಯಾರ ಹೆಸರಿದೆ ನೋಡಿ, ಅವರಿಂದ ಬರಹದಲ್ಲಿ ಒಪ್ಪಿಗೆ ತಗೊಳ್ಳಿ. ಉತಾರದಲ್ಲಿ ಅಣ್ಣನ ಹೆಸರು, ಉಳುವುದು ತಮ್ಮ ಅಂತ ಇರುತ್ತದೆ. ಇಬ್ಬರನ್ನೂ ಕೇಳಿ. ಕೆರೆ, ಗಾಯರಾಣ (ಗೋಮಾಳ) ಆದರೆ ಗ್ರಾಮ ಪಂಚಾಯಿತಿ, ಬೇಕಾದರೆ ತಹಶೀಲ್ದಾರ್ ಕಚೇರಿ. ಅರಣ್ಯವಾದರೆ ವಲಯ ಅರಣ್ಯಾಧಿಕಾರಿ. ಜನ ಸೇರುವ ದಿನ ಠಾಣೆಗೊಂದು ಪತ್ರ. ಡ್ರೋನ್ ಹಾರಿಸುವುದಿದ್ದರೆ ಸರ್ಕಾರದ ಡ್ರೋನ್ ನಕ್ಷೆಯಾದ ಡಿಜಿಟಲ್ ಸ್ಕೈಯಲ್ಲಿ ಆ ಜಾಗ ಹಸಿರು ವಲಯದಲ್ಲಿದೆಯಾ ನೋಡಿ. ಇದೆಲ್ಲದರ ಜೊತೆಗೆ ಊರಿನ ಹಿರಿಯರನ್ನು ಕೂಡಿಸಿ ಒಂದು ಸಂಜೆ ಮಾತಾಡಿ. ಕಾಗದ ಎಷ್ಟೇ ಇದ್ದರೂ ಊರು ಒಪ್ಪದಿದ್ದರೆ ಕೆಲಸ ನಡೆಯುವುದಿಲ್ಲ.

ಹಂತ 5: ಮಣ್ಣಿನ ಹದ

ಮಣ್ಣಿನ ಕೆಲಸ ಮಾಡುವವರು ಊರಿನ ಕುಂಬಾರರ ಮನೆಗೆ ಮೊದಲು ಹೋಗಿ. ಯಾವ ಕೆರೆಯ ಮಣ್ಣು ಕೈಗೆ ಬರುತ್ತದೆ, ಯಾವುದು ಸೀಳುತ್ತದೆ ಅಂತ ಅವರಿಗೆ ಬೆರಳಲ್ಲೇ ಗೊತ್ತಾಗುತ್ತದೆ. ಆಮೇಲೆ ನೀವೂ ಪರೀಕ್ಷೆ ಮಾಡಿ.

ಗಾಜಿನ ಬಾಟಲಿಯಲ್ಲಿ ಮೂರನೇ ಒಂದು ಭಾಗ ಮಣ್ಣು ಹಾಕಿ, ನೀರು ತುಂಬಿ, ಚೆನ್ನಾಗಿ ಕುಲುಕಿ ಒಂದು ದಿನ ಬಿಡಿ. ಮರಳು ಕೆಲವೇ ನಿಮಿಷದಲ್ಲಿ ತಳ ಸೇರುತ್ತದೆ. ಅದರ ಮೇಲೆ ನುಣುಪು ಮಣ್ಣು, ಎಲ್ಲಕ್ಕಿಂತ ಮೇಲೆ ಜೇಡಿ ಕೂರುತ್ತದೆ. ಯಾವುದು ಎಷ್ಟಿದೆ ಅಂತ ಕಣ್ಣಿಗೇ ಕಾಣುತ್ತದೆ. ಎರಿ ಮಣ್ಣಿನಲ್ಲಿ ಜೇಡಿ ಜಾಸ್ತಿ, ನೀರು ಕುಡಿದು ಉಬ್ಬುತ್ತದೆ, ಒಣಗಿದರೆ ಕುಗ್ಗುತ್ತದೆ. ಅದು ಸೀಳುವುದಕ್ಕೆ ಇದೇ ಕಾರಣ.

ಎಷ್ಟು ಕುಗ್ಗುತ್ತದೆ ಅಂತ ತಿಳಿಯಲು ಹದ ಮಾಡಿದ ಮಣ್ಣಿನ ಪಟ್ಟಿ ತಟ್ಟಿ, ಅದರ ಮೇಲೆ ಸರಿಯಾಗಿ 10 ಸೆಂಟಿಮೀಟರ್ ಗೆರೆ ಎಳೆಯಿರಿ. ನೆರಳಲ್ಲಿ ಪೂರ್ತಿ ಒಣಗಿದ ಮೇಲೆ ಅಳೆಯಿರಿ. ಗೆರೆ 9 ಸೆಂಟಿಮೀಟರ್ ಆಗಿದ್ದರೆ ನೂರಕ್ಕೆ ಹತ್ತು ಕುಗ್ಗಿದೆ. ಅಷ್ಟು ಕುಗ್ಗುವ ಮಣ್ಣಲ್ಲಿ ಬಟ್ಟಲು ಒಣಗುವ ಮೊದಲೇ ಅಂಚಿನಿಂದ ಸೀಳು ಬಿಡುತ್ತದೆ. ಅದಕ್ಕೆ ಮಸಾರಿ ಮಣ್ಣು, ಅಲ್ಲಿಯದೇ ಸಣ್ಣ ಗರಸು, ಜೋಳದ ಹೊಟ್ಟು, ಸೆಗಣಿ ಸೇರಿಸಿ. ಮೂರು ನಾಲ್ಕು ತರದ ಮಿಶ್ರಣ ಮಾಡಿ, ಪ್ರತಿಯೊಂದರಲ್ಲೂ ಒಂದೊಂದು ಬಟ್ಟಲು ಮಾಡಿ ಒಣಗಿಸಿ ನೋಡಿ. ನನಗೆ ಹೊಂದಿದ್ದು ಎರಡು ಪಾಲು ಕೆರೆ ಮಣ್ಣು, ಒಂದು ಪಾಲು ಮಸಾರಿ, ಒಂದು ಹಿಡಿ ಹೊಟ್ಟು. ನಿಮ್ಮ ಕೆರೆಗೆ ಲೆಕ್ಕ ಬೇರೆ ಆಗುತ್ತದೆ. ಹೊಳೆಯಿಂದ ಮರಳು ತರುವ ವಿಚಾರ ಬಿಡಿ, ಹೊಳೆಗಳು ಈಗಾಗಲೇ ಸಾಕಷ್ಟು ಕಳೆದುಕೊಂಡಿವೆ.

ಮಿಶ್ರಣವನ್ನು ತುಳಿದು, ಒದ್ದೆ ಗೋಣಿಚೀಲ ಮುಚ್ಚಿ ಮೂರು ನಾಲ್ಕು ದಿನ ಕೊಳೆಯಲು ಬಿಡಿ. ಜೋಳದ ರೊಟ್ಟಿಯ ಹಿಟ್ಟಿನ ಹದಕ್ಕೆ ಬಂದಾಗ ಕೈ ಹಚ್ಚಿ. ಬಟ್ಟಲುಗಳನ್ನು ಬಿಸಿಲಲ್ಲಿ ಒಣಗಿಸಬೇಡಿ. ನೆರಳಲ್ಲಿ, ಮೊದಲೆರಡು ದಿನ ಕವುಚಿ ಇಡಿ.

ಇಲ್ಲಿ ಒಂದು ಗುಟ್ಟು. ಸುಡದ ಮಣ್ಣು ನೀರಲ್ಲಿ ಕರಗುವುದು ಅದು ಎಷ್ಟು ಒಣಗಿದೆ ಅನ್ನುವುದರ ಮೇಲೆ. ಅರೆಹಸಿ ಬಟ್ಟಲನ್ನು ನೀರಿಗಿಟ್ಟರೆ ಬಹಳ ಹೊತ್ತು ಹಾಗೇ ಇರುತ್ತದೆ, ಮೇಲೆ ಮಾತ್ರ ಜಿಗುಟಾಗುತ್ತದೆ. ಪೂರ್ತಿ ಒಣಗಿದ ಬಟ್ಟಲನ್ನು ನೀರಿಗಿಟ್ಟು ನೋಡಿ. ಮೊದಲು ಸಣ್ಣ ಸಣ್ಣ ಗುಳ್ಳೆ ಏಳುತ್ತವೆ, ಒಣ ಮಣ್ಣಿನ ಒಳಗಿದ್ದ ಗಾಳಿಯನ್ನು ನೀರು ಹೊರಗೆ ತಳ್ಳುತ್ತಿರುತ್ತದೆ. ಚುರ್ ಅಂತ ಸಣ್ಣ ಶಬ್ದ ಕೂಡ ಕೇಳುತ್ತದೆ. ಆಮೇಲೆ ಅಂಚು ಹೊಪ್ಪಳಿಕೆ ಎದ್ದು ಪದರು ಪದರಾಗಿ ಜಾರುತ್ತದೆ. ಸ್ವಲ್ಪ ಹೊತ್ತಿನಲ್ಲಿ ಬಟ್ಟಲಿನ ಜಾಗದಲ್ಲಿ ಒಂದು ಮೆತ್ತನೆ ದಿಬ್ಬ. ಹೀಗಾಗಿ ನಿಮ್ಮ ಕೆಲಸ ಮೊದಲ ಮಳೆಗೇ ಕರಗಬೇಕಾದರೆ ಮೂರು ವಾರ ಒಣಗಿಸಿ. ಒಂದೆರಡು ತುಂತುರು ಮಳೆ ತಡೆಯಬೇಕಾದರೆ ಸೆಗಣಿ ಸಾರಿಸಿ, ಹೊಟ್ಟಿನ ಪಾಲು ಹೆಚ್ಚಿಸಿ.

ಹಂತ 6: ನೆಲದ ಮೇಲೆ ಕಟ್ಟುವುದು

ಕೆರೆಯಲ್ಲಿ ನೀರು ನಿಂತ ಗೆರೆ ಮೂಡಿಸುವುದು ಹೇಗೆ? ಕಣ್ಣಳತೆ ಇಲ್ಲಿ ನಡೆಯುವುದಿಲ್ಲ, ನೆಲದ ಇಳಿಜಾರು ಕಣ್ಣಿಗೆ ಮೋಸ ಮಾಡುತ್ತದೆ. ಗೌಂಡಿಗಳು ಮನೆ ಕಟ್ಟುವಾಗ ಬಳಸುವ ಪಾರದರ್ಶಕ ಲೆವೆಲ್ ಪೈಪ್ ತನ್ನಿ, 15 ಮೀಟರ್ ಉದ್ದದ್ದು ಸಾಕು. ಒಳಗೆ ಗಾಳಿಗುಳ್ಳೆ ಒಂದೂ ಉಳಿಯದಂತೆ ನೀರು ತುಂಬಿಸಿ. ಎರಡೂ ತುದಿಯಲ್ಲಿ ನೀರು ಯಾವಾಗಲೂ ಒಂದೇ ಎತ್ತರಕ್ಕೆ ನಿಲ್ಲುತ್ತದೆ.

ಊರವರು ಎಷ್ಟು ನೀರು ಇತ್ತು ಅಂತ ತೋರಿಸಿದ ಕಲ್ಲಿನ ಹತ್ತಿರ ಒಂದು ಗೂಟ ನೆಡಿ, ಅದಕ್ಕೆ ಎತ್ತರದ ಗುರುತು ಹಾಕಿ. ಒಬ್ಬರು ಪೈಪಿನ ಒಂದು ತುದಿಯನ್ನು ಆ ಗುರುತಿಗೆ ಹಿಡಿಯಲಿ. ಇನ್ನೊಬ್ಬರು ಅದೇ ಎತ್ತರದ ಗುರುತಿರುವ ಕೋಲು ಹಿಡಿದು ಇಳಿಜಾರಿನಲ್ಲಿ ಮೇಲೆ ಕೆಳಗೆ ಸರಿಯಲಿ. ನೀರು ಕೋಲಿನ ಗುರುತಿಗೆ ನಿಂತ ಕಡೆ ಎರಡನೇ ಗೂಟ. ಹೀಗೆ ಗೂಟದಿಂದ ಗೂಟಕ್ಕೆ ಕೆರೆಯ ಸುತ್ತ ಸಾಗಿ. ಮುಗಿದ ಮೇಲೆ ಮೊದಲ ಗೂಟಕ್ಕೇ ವಾಪಸ್ ಬಂದು ತಾಳೆ ನೋಡಿ. ಗೂಟಗಳ ನಡುವೆ ಹಗ್ಗ ಎಳೆದರೆ ಹಳೆಯ ನೀರಿನ ದಂಡೆ ಎದ್ದು ಕಾಣುತ್ತದೆ. ಅದು ಎಲ್ಲೆಲ್ಲಿ ಹಾಯುತ್ತದೆ ಅಂತ ನೋಡಿದರೆ ನೀವೇ ಬೆರಗಾಗುತ್ತೀರಿ. ನಮ್ಮ ಕೆರೆಯಲ್ಲಿ ಅದು ಈಗಿನ ಜಾಲಿ ಕಂಟಿಯ ಮೇಲೆ, ಹುಡುಗರ ಕ್ರಿಕೆಟ್ ಪಿಚ್‌ನ ಮೇಲೆ ಹಾದು ಹೋಗಿತ್ತು. ವಯಸ್ಸಾದವರಿಗೆ ಆ ಗೆರೆ ಗೊತ್ತಿತ್ತು, ಹುಡುಗರು ಅದನ್ನು ಮೊದಲ ಸಲ ನೋಡಿದರು. ಬಟ್ಟಲು ಇಡುವ ಮೊದಲೇ ಅರ್ಧ ಕೆಲಸ ಅಲ್ಲೇ ಆಗಿಹೋಯಿತು.

ಬಟ್ಟಲುಗಳನ್ನು ಹಗ್ಗದ ಗುಂಟ ಇಡಿ, ಅರ್ಧ ಬೆರಳು ನೆಲಕ್ಕೆ ಹೂತು ಕೂರಿಸಿ, ಇಲ್ಲದಿದ್ದರೆ ಗಾಳಿಗೆ ಉರುಳುತ್ತವೆ. ಎಣಿಕೆ ಸರಿಸಮ ಮಾಡಲು ಹೋಗಬೇಡಿ. ಎಷ್ಟು ಮನೆಯೋ ಅಷ್ಟು ಬಟ್ಟಲು. ಮನೆಯವರೇ ಮಾಡಿದ್ದರೆ ಇನ್ನೂ ಒಳ್ಳೆಯದು. ಒಂದು ವಕ್ರ, ಒಂದು ದಪ್ಪ, ಒಂದರ ಮೇಲೆ ಮಗುವಿನ ಬೆರಳ ಗುರುತು, ಇರಲಿ. ಕಬ್ಬಿಣದ ತಂತಿ, ಸಿಮೆಂಟು, ಪ್ಲಾಸ್ಟಿಕ್, ಫೆವಿಕಾಲ್ ಯಾವುದೂ ಒಳಗೆ ಹೋಗಬಾರದು. ದನ ಮೇಯುವ ಜಾಗ ಅದು.

ಕೆಲಸವನ್ನು ಬೆಳಗ್ಗೆ ಆರರಿಂದ ಹತ್ತು, ಸಂಜೆ ನಾಲ್ಕರಿಂದ ಏಳು ಅಂತ ಇಟ್ಟುಕೊಳ್ಳಿ. ನಡುವೆ ಬಿಸಿಲಲ್ಲಿ ಯಾರನ್ನೂ ದುಡಿಸಬೇಡಿ. ಕುಡಿಯುವ ನೀರು, ಮಜ್ಜಿಗೆ, ಒಂದು ನೆರಳಿನ ಚಪ್ಪರ ಮೊದಲು ಸಿದ್ಧವಾಗಲಿ.

ಹಂತ 7: ದುಡ್ಡಿನ ವಿಚಾರ

ಸಾಮಗ್ರಿಗೆ ಖರ್ಚು ಕಡಿಮೆ, ಜನರ ಕೂಲಿ ಮತ್ತು ಓಡಾಟವೇ ಜಾಸ್ತಿ. ಬಜೆಟ್‌ನಲ್ಲಿ ಹಾಡುಗಾರರ ಗೌರವಧನ, ಕುಂಬಾರರ ಕೂಲಿ ಮೊದಲ ಸಾಲಲ್ಲಿ ಇರಲಿ, ಕ್ಯಾಮೆರಾ ಬಾಡಿಗೆ ಕೊನೆಯ ಸಾಲಲ್ಲಿ. ಕರ್ನಾಟಕ ಲಲಿತಕಲಾ ಅಕಾಡೆಮಿ, ಕರ್ನಾಟಕ ಜಾನಪದ ಅಕಾಡೆಮಿ, ಕನ್ನಡ ಮತ್ತು ಸಂಸ್ಕೃತಿ ಇಲಾಖೆಯ ಜಿಲ್ಲಾ ಕಚೇರಿ, ಬೆಂಗಳೂರಿನ ಇಂಡಿಯಾ ಫೌಂಡೇಶನ್ ಫಾರ್ ದಿ ಆರ್ಟ್ಸ್, ಇವರ ಪ್ರಕಟಣೆಗಳ ಮೇಲೆ ಕಣ್ಣಿಡಿ. ಅರ್ಜಿಯಲ್ಲಿ ದೊಡ್ಡ ದೊಡ್ಡ ಮಾತು ಬೇಡ. ಜಾಗದ ಒಂದು ಫೋಟೋ, ಕಥೆಯ ನಾಲ್ಕು ಸಾಲು, ಯಾರ ಜೊತೆ ಮಾಡುತ್ತೀರಿ, ಯಾವ ತಿಂಗಳು, ಎಷ್ಟು ಖರ್ಚು. ಇಷ್ಟು ಸ್ಪಷ್ಟವಾಗಿದ್ದರೆ ಓದುವವರಿಗೆ ಅರ್ಥವಾಗುತ್ತದೆ.

ಹಂತ 8: ಊರು ನೋಡುವ ಸಂಜೆ

ವೇದಿಕೆ, ಬ್ಯಾನರ್, ಶಾಲು, ಉದ್ಘಾಟನೆ ಬೇಡ ಅಂತ ನನ್ನ ಗಟ್ಟಿ ಅಭಿಪ್ರಾಯ. ದನ ಮನೆ ಸೇರಿದ ಮೇಲೆ, ದೀಪ ಹಚ್ಚುವ ಹೊತ್ತಿಗೆ ಮೊದಲು ಎಲ್ಲರೂ ಕೆರೆಗೆ ಬರಲಿ. ಮನೆಮನೆಯಿಂದ ತಂದ ಜೋಳವನ್ನು ಅವರೇ ತಮ್ಮ ಬಟ್ಟಲಿಗೆ ಹಾಕಲಿ. ಹಾಡುವವರು ಗೆರೆಯ ಗುಂಟ ನಡೆಯುತ್ತ ಹಾಡಲಿ, ಕೇಳುವವರು ಹಿಂದೆ ನಡೆಯಲಿ. ಯಾವ ಹಾಡು ಹಾಡಬೇಕು ಅನ್ನುವುದು ಹಾಡುವವರ ತೀರ್ಮಾನ. ಜೋಕುಮಾರನ ಕೆಲವು ಹಾಡು ಹೆಂಗಸರ ನಡುವೆ ಮಾತ್ರ ನಡೆಯುತ್ತವೆ, ಅವನ್ನು ಎಲ್ಲರ ಮುಂದೆ ಹಾಡಿ ಅಂತ ಒತ್ತಾಯ ಮಾಡಬೇಡಿ.

ಒಂದು ಸಣ್ಣ ಹಲಗೆ ಸಾಕು. ಅದರಲ್ಲಿ ಹಾಡಿದವರ, ಮಣ್ಣು ಹದ ಮಾಡಿದವರ ಹೆಸರು ಮೊದಲು, ನಿಮ್ಮದು ಅವರ ಸಾಲಲ್ಲೇ. "ಇದು ಏನ್ರೀ?" ಅಂತ ಕೇಳಿದರೆ ಕಲೆಯ ಪಾಠ ಶುರು ಮಾಡಬೇಡಿ. "ಕೆರಿ ತುಂಬಿದಾಗ ನೀರು ಇಲ್ಲಿತನಕ ಬರತಿತ್ತಂತ್ರೀ" ಅನ್ನಿ. ಮುಂದಿನದನ್ನು ಅವರೇ ಹೇಳುತ್ತಾರೆ.

ರಾತ್ರಿ ಇರುವೆ, ಬೆಳಗ್ಗೆ ಗುಬ್ಬಿ, ಬೆಳವ ಜೋಳ ತಿನ್ನುತ್ತವೆ. ತಿನ್ನಲಿ ಬಿಡಿ, ಕಾವಲು ಹಾಕಬೇಡಿ.

ಹಂತ 9: ದಾಖಲೆ

ಕರಗುವ ಕೆಲಸಕ್ಕೆ ಉಳಿಯುವುದು ದಾಖಲೆ ಮಾತ್ರ, ಆದ್ದರಿಂದ ಇದಕ್ಕೆ ಮೊದಲೇ ತಯಾರಿ ಬೇಕು. ಒಂದು ಜಾಗ ಗೊತ್ತು ಮಾಡಿ ಅಲ್ಲೊಂದು ಗೂಟ ಹೊಡೆಯಿರಿ. ಪ್ರತಿ ದಿನ ಅದೇ ಗೂಟದ ಮೇಲಿಂದ, ಅದೇ ಹೊತ್ತಿಗೆ, ಅದೇ ಲೆನ್ಸ್‌ನಲ್ಲಿ ಒಂದು ಫೋಟೋ. ಮೊಬೈಲ್ ಆದರೂ ನಡೆಯುತ್ತದೆ. ಬೆಳಕು ಓರೆಯಾಗಿ ಬೀಳುವ ಬೆಳಗ್ಗೆ ಏಳರ ಹೊತ್ತು ಒಳ್ಳೆಯದು, ಬಟ್ಟಲುಗಳ ನೆರಳು ಉದ್ದ ಬೀಳುತ್ತದೆ. ಮಧ್ಯಾಹ್ನದ ಬೆಳಕಲ್ಲಿ ಎಲ್ಲ ಚಪ್ಪಟೆಯಾಗಿ ಕಾಣುತ್ತದೆ.

ಮಳೆ ಬರುವಾಗ ನೀವು ಅಲ್ಲಿ ಇಲ್ಲದೇ ಇರಬಹುದು. ಊರಿನ ಒಬ್ಬಿಬ್ಬರು ಹುಡುಗರಿಗೆ ಫೋಟೋ, ವಿಡಿಯೋ ಹೇಗೆ ತೆಗೆಯಬೇಕು ಅಂತ ಮೊದಲೇ ತೋರಿಸಿ, ಅದಕ್ಕೂ ಕೂಲಿ ಕೊಡಿ. ಗುಡುಗು ಸಿಡಿಲು ಇದ್ದರೆ ಬಯಲಿಗೆ ಇಳಿಯಬಾರದು ಅಂತ ಗಟ್ಟಿಯಾಗಿ ಹೇಳಿ. ಮೇ ತಿಂಗಳ ಅಡ್ಡಮಳೆ ಸಿಡಿಲಿನ ಜೊತೆಗೇ ಬರುತ್ತದೆ, ಯಾವ ಫೋಟೋವೂ ಅದಕ್ಕಿಂತ ದೊಡ್ಡದಲ್ಲ.

ಶಬ್ದವನ್ನೂ ಇಟ್ಟುಕೊಳ್ಳಿ: ಖಾಲಿ ಕೆರೆಯ ಗಾಳಿ, ಹಾಡು, ಮಳೆ ಬಟ್ಟಲಿಗೆ ಬೀಳುವ ಸದ್ದು. ಗಾಳಿ ಮೈಕಿಗೆ ಬಡಿಯದಂತೆ ಮೊಬೈಲ್‌ಗೆ ಹಳೆ ಉಣ್ಣೆ ಬಟ್ಟೆ ಸುತ್ತಿ.

ಹಂತ 10: ಬಿಟ್ಟು ಬರುವುದು

ಮಳೆಯಾದ ಮೇಲೆ ಒಂದು ಸಲ ಹೋಗಿ ಗೆರೆ ಪೂರ್ತಿ ನಡೆಯಿರಿ. ಗೂಟ, ಹಗ್ಗ, ಹಲಗೆ, ಬಿದ್ದ ನೀರಿನ ಬಾಟಲಿ ಎಲ್ಲ ಎತ್ತಿಕೊಳ್ಳಿ. ಕರಗದೆ ಉಳಿದ ಬಟ್ಟಲುಗಳಿದ್ದರೆ ಒಡೆಯಬೇಡಿ, ಮನೆಯವರನ್ನು ಕೇಳಿ. ಕೆಲವರು ಮನೆಗೆ ಒಯ್ಯುತ್ತಾರೆ, ಕೆಲವರು ಆ ಮಣ್ಣನ್ನು ಹೊಲಕ್ಕೆ ಹಾಕುತ್ತಾರೆ. ಬಟ್ಟಲಲ್ಲಿ ಉಳಿದ ಜೋಳ ಮೊಳಕೆ ಒಡೆದಿದ್ದರೆ ಹಾಗೇ ಇರಲಿ.

ಆಮೇಲೆ ಗ್ಯಾಲರಿಯಲ್ಲಿ ತೋರಿಸುವ ಆಸೆ ಬರುತ್ತದೆ. ತೋರಿಸಿ, ಆದರೆ ಬಟ್ಟಲು ಮತ್ತೆ ಮಾಡಿ ಇಡಬೇಡಿ. ಆ ಗೆರೆಯಿಲ್ಲದ ಬಟ್ಟಲಿಗೆ ಅರ್ಥವಿಲ್ಲ. ಫೋಟೋ, ಧ್ವನಿ, ಕೆರೆಯ ನಕ್ಷೆ ಇಟ್ಟರೆ ಸಾಕು. ಅಲ್ಲಿ ಹಾಡು ಕೇಳಿಸುವುದಿದ್ದರೆ ಹಾಡಿದವರನ್ನು ಇನ್ನೊಮ್ಮೆ ಕೇಳಿ. ಊರಿಗಾಗಿ ಕೊಟ್ಟ ಒಪ್ಪಿಗೆ ಬೆಂಗಳೂರಿಗೂ ಸೇರಿಯೇ ಕೊಟ್ಟದ್ದು ಅಂತ ಅಂದುಕೊಳ್ಳಬಾರದು. ಗ್ಯಾಲರಿಯಿಂದ ದುಡ್ಡು ಬಂದರೆ ಅದರಲ್ಲಿ ಅವರ ಪಾಲು ಎಷ್ಟು ಅಂತ ಮೊದಲೇ ಬರೆದಿಟ್ಟುಕೊಳ್ಳಿ.

ಕೊನೆಯದಾಗಿ, ರೆಕಾರ್ಡಿಂಗ್‌ಗಳ ಪ್ರತಿ. ಹಾಡಿದ ಪ್ರತಿಯೊಬ್ಬರಿಗೂ ಅವರವರ ಹಾಡನ್ನು ಮೆಮೊರಿ ಕಾರ್ಡಿಗೆ ಹಾಕಿ ಕೊಡಿ, ಮನೆಯ ಯಾರದಾದರೂ ಮೊಬೈಲ್‌ನಲ್ಲಿ ಹಾಕಿ ಕೇಳಿಸಿ, ಸರಿಯಾಗಿ ಕೇಳುತ್ತದೆ ಅಂತ ಖಾತ್ರಿ ಮಾಡಿಕೊಂಡೇ ಬನ್ನಿ. ಊರಿನ ಶಾಲೆಗೆ ಇನ್ನೊಂದು ಪ್ರತಿ. ಶಿಗ್ಗಾವಿ ತಾಲೂಕಿನ ಗೊಟಗೋಡಿಯಲ್ಲಿರುವ ಜಾನಪದ ವಿಶ್ವವಿದ್ಯಾಲಯದಂಥ ಕಡೆ ಒಂದು ಪ್ರತಿ ಇಡಬಹುದಾ ಅಂತ ಹಾಡಿದವರನ್ನು ಕೇಳಿ, ಅವರು ಒಪ್ಪಿದರೆ ಊರು, ತಿಂಗಳು, ಹಾಡಿದವರ ಹೆಸರು ಬರೆದು ಕಳಿಸಿ.